ಯಾರ ಅಧೀನ?

ಹೋದ ತಿಂಗಳು ನನ್ನ ಮಗಳು ನಿತ್ಯಾ ಫೋನಿನಿಂದ ತಲೆಯೆತ್ತದೆ ಒಂದು ಪದದ ಅರ್ಥ ಕೇಳಿದಳು. ಕಾಲೇಜಿನಲ್ಲಿ ತತ್ತ್ವಶಾಸ್ತ್ರವನ್ನು ಒಂದು ವಿಷಯವಾಗಿ ತೆಗೆದುಕೊಂಡಿದ್ದಾಳೆ. ಯಾಕೆ ತೆಗೆದುಕೊಂಡೆ ಎಂದು ಕೇಳಿ ಎರಡು ವರ್ಷವಾಯಿತು, ಉತ್ತರಕ್ಕೆ ಇನ್ನೂ ಕಾಯುತ್ತಿದ್ದೇನೆ. ನಾನು ಕನ್ನಡದಲ್ಲಿ ಕೇಳಿದ್ದಕ್ಕೆ ಅವಳು ತಮಿಳಿನಲ್ಲಿ ಉತ್ತರ ಕೊಡುತ್ತಾಳೆ, ಸಿಟ್ಟು ಬಂದರೆ ಇಂಗ್ಲಿಷಿನಲ್ಲಿ. ಆ ಹೊತ್ತಿಗೆ ನಾನು ಕೋಯಂಬೇಡಿನ ತರಕಾರಿ ಮಾರ್ಕೆಟ್ಟಿನಿಂದ ತಂದ ಹುರುಳಿಕಾಯಿಯ ನಾರು ತೆಗೆಯುತ್ತಾ, ಐದು ಕಿಲೋ ಯಾಕೆ ತಂದೆ, ಇದು ಕೊಳೆತುಹೋದರೆ ಏನು ಗತಿ ಎಂದು ಯೋಚಿಸುತ್ತಿದ್ದೆ.

"ಅಮ್ಮಾ, ಪರತಂತ್ರನ್ನಾ ಎನ್ನ ಅರ್ಥಂ? ಒಂದೇ ಲೈನ್‌ನಲ್ಲಿ ಹೇಳು, ಪ್ಲೀಸ್. ಕಥೆ ವೇಂಡಾಂ."

"ತಾನಾಗಿ ಇರಲಾರದ್ದು ಅಂತ. ಇರೋದಕ್ಕೂ ಇನ್ನೊಂದರ ಮೇಲೆ ಒರಗಿಕೊಂಡಿರೋದು."

"ಡಿಪೆಂಡೆಂಟ್. ಓಕೆ. ಥ್ಯಾಂಕ್ಸ್ ಮಾ."

ಅಲ್ಲಿಗೆ ಮುಗಿಯಿತು. ಹುರುಳಿಕಾಯಿ ಇನ್ನೂ ನನ್ನ ಕೈಯಲ್ಲೇ ಇತ್ತು. ಆ ಪದಕ್ಕೋಸ್ಕರ ನಮ್ಮ ಮನೆಯಲ್ಲಿ ಇಬ್ಬರು ಹಟ ಹಿಡಿದದ್ದು, ಒಬ್ಬರು ಉಪವಾಸ ಬಿದ್ದದ್ದು, ನನ್ನ ಹನ್ನೆರಡನೆಯ ವಯಸ್ಸು ಪೂರ್ತಿ ಹೊಗೆಯಲ್ಲಿ ಕಳೆದದ್ದು, ಇದ್ಯಾವುದಕ್ಕೂ ಆ ಒಂದು ಲೈನಿನಲ್ಲಿ ಜಾಗ ಇರಲಿಲ್ಲ. ನಾಲ್ಕು ದಿನ ನನಗೆ ಕಿರಿಕಿರಿಯಾಗುತ್ತಲೇ ಇತ್ತು. ಮಗಳ ಮೇಲೋ, ಪದದ ಮೇಲೋ, ಸತ್ತು ಇಪ್ಪತ್ತೈದು ವರ್ಷದ ಮೇಲಾದ ಅಜ್ಜನ ಮೇಲೋ ಗೊತ್ತಾಗಲಿಲ್ಲ. ಐದನೆಯ ದಿನ ಬರೆಯಲು ಕೂತೆ. ಕೂರುವ ಮುಂಚೆ ಗ್ಯಾಸ್ ಆರಿಸಿದ್ದೇನೆಯೇ ಎಂದು ಮೂರು ಸಲ ಹೋಗಿ ನೋಡಿಬಂದೆ. ಈ ಚಾಳಿಗೂ ಆ ಪದಕ್ಕೂ ಸಂಬಂಧವಿದೆ.

ತಿರುವಲ್ಲಿಕ್ಕೇಣಿಯ ನಮ್ಮ ಮನೆ ರೈಲಿನ ಬೋಗಿಯ ಹಾಗಿತ್ತು. ಬೀದಿಗೆ ಏಳಡಿ ಅಗಲದ ಮುಖ ತೋರಿಸಿ, ಆಮೇಲೆ ಹಿಂದಕ್ಕೆ ಹೋಗುತ್ತಲೇ ಇತ್ತು. ಮೊದಲು ತಿಣ್ಣೆ ಎನ್ನುವ ಜಗಲಿ, ಆಮೇಲೆ ನಾವು ತಮಿಳಿನವರಂತೆ ರೇಳಿ ಎನ್ನುತ್ತಿದ್ದ ಕತ್ತಲೆಯ ನಡುದಾರಿ, ಆಮೇಲೆ ಕೂಡ ಎಂದು ಕರೆಯುತ್ತಿದ್ದ ನಡುಮನೆ, ದೇವರಮನೆ, ಅಡುಗೆಮನೆ, ಕೊನೆಗೆ ಉಪ್ಪುನೀರಿನ ಬಾವಿ. ಮುಂದೆ ಒಬ್ಬರು ಕೆಮ್ಮಿದರೆ ಹಿಂದಿನವರಿಗೆ ಕಷಾಯ ಕುಡಿಯಬೇಕೆನಿಸುವಂಥ ಮನೆ. ಒಬ್ಬರನ್ನು ದಾಟದೆ ಇನ್ನೊಬ್ಬರ ಹತ್ತಿರ ಹೋಗುವಂತಿರಲಿಲ್ಲ. ನಮ್ಮ ಹಿರಿಯರು ಯಾವ ಕಾಲದಲ್ಲೋ ಕಾವೇರಿಯ ಆಚೆಯಿಂದ ಬಂದವರು. ಬರುವಾಗ ತಂದ ಕನ್ನಡವನ್ನು ಉಪ್ಪಿನಕಾಯಿಯಂತೆ ಜಾಡಿಯಲ್ಲಿ ಹಾಕಿಟ್ಟಿದ್ದರು, ಮೇಲೆ ತಮಿಳಿನ ಎಣ್ಣೆ ಒಂದು ಬೆರಳು ನಿಂತಿತ್ತು. ಅಮ್ಮ ಮೈಸೂರಿನ ಕಡೆಯವಳು. ಅವಳ ಮಾತು ಅಜ್ಜನಿಗೆ ರೇಡಿಯೋ ಕೇಳಿದಂತೆ ಇರುತ್ತಿತ್ತಂತೆ. "ವಾರ್ತೆ ಮುಗೀತೇನಮ್ಮ?" ಎಂದು ಒಂದೊಂದು ಸಲ ಕೇಳುತ್ತಿದ್ದರು. ಅಮ್ಮ ನಗುತ್ತಿರಲಿಲ್ಲ.

ಅಜ್ಜ ಅಂದರೆ ಅಪ್ಪನ ಅಪ್ಪ. ಸಂಸ್ಕೃತದ ಮೇಷ್ಟರಾಗಿ ನಿವೃತ್ತರಾದವರು, ವಿಧುರರು. ದಿನಕ್ಕೆ ಒಂದೇ ಊಟ, ಹನ್ನೊಂದು ಗಂಟೆಗೆ, ದೇವರಿಗೆ ನೈವೇದ್ಯವಾದ ಮೇಲೆ. ರಾತ್ರಿ ಒಂದು ಲೋಟ ಹಾಲು. ಬೆಳಗಿನ ಹೊತ್ತು ತಿಣ್ಣೆಯಲ್ಲಿ ಕೂತು ತಕಲಿಯಲ್ಲಿ ಜನಿವಾರಕ್ಕೆ ನೂಲು ತೆಗೆಯುತ್ತಿದ್ದರು. ನನ್ನ ಶಾಲೆ ಮಧ್ಯಾಹ್ನದ ಪಾಳಿಯಾದ್ದರಿಂದ ಬೆಳಗ್ಗೆಯೆಲ್ಲ ನಾನು ಅವರ ಪಾಲಿಗೆ ಸಿಕ್ಕಿಬಿದ್ದ ಶ್ರೋತೃ. ಆ ಪದ ಎಲ್ಲಿಂದ ಬಂತು ಎನ್ನುವುದನ್ನು ನಾನು ಕಲಿತದ್ದು ಆ ನೂಲಿನ ಎದುರಿಗೇ.

"ನೋಡು ಪದ್ದು, ತನ್ ಅಂದರೆ ಎಳೆಯೋದು, ಚಾಚೋದು. ಹೀಗೆ ಚಾಚಿದ್ದು ತಂತು. ತಂತುಗಳನ್ನ ಬಿಗಿದು ಕಟ್ಟಿದರೆ ತಂತ್ರ, ಅಂದರೆ ಮಗ್ಗ. ಯಾರ ನೂಲು ತನ್ನ ಮಗ್ಗದಲ್ಲೇ ಇದೆಯೋ ಅವನು ಸ್ವತಂತ್ರ. ಇನ್ನೊಬ್ಬನ ಮಗ್ಗದಲ್ಲಿದ್ದರೆ ಪರತಂತ್ರ."

"ನನ್ನ ನೂಲು ಯಾರ ಮಗ್ಗದಲ್ಲಿದೆ ಅಜ್ಜ?"

"ಹರಿಯ ಮಗ್ಗದಲ್ಲಿ. ಮಗ್ಗ ಇರೋದೇ ಒಂದು. ಮಿಕ್ಕದ್ದೆಲ್ಲ ನೂಲು."

"ನೀವೂನಾ?"

"ನಾನೂ. ಆ ಕಾಗೆಯೂ. ಕೆಲವರು ಲೋಕವೇ ಸುಳ್ಳು ಅಂತಾರೆ, ನಾವು ಅನ್ನಲ್ಲ. ಲೋಕ ನಿಜ. ಈ ಕಂಬ ನಿಜ, ನೀನು ನಿಜ, ನಿನ್ನ ನೆಗಡಿ ನಿಜ, ಮೂಗು ಒರೆಸ್ಕೋ. ಆದರೆ ನಿಜವಾಗಿರೋದಕ್ಕೂ ಅವನ ಅಪ್ಪಣೆ ಬೇಕು. ತಾನೇ ತಾನಾಗಿ ಇದೀನಿ ಅಂತ ಯಾವುದೂ ಹೇಳೋ ಹಾಗಿಲ್ಲ. ಇರೋದು ಅಂದರೆ ಒರಗಿರೋದು."

ಇಷ್ಟಕ್ಕೇ ಬಿಟ್ಟಿದ್ದರೆ ಚೆನ್ನಾಗಿತ್ತು. ಬಿಡಲಿಲ್ಲ. ಊಟಕ್ಕೆ ಕೂತಾಗ ಬಾಳೆಲೆಯ ಮೇಲೆ ಅನ್ನ ಬಿದ್ದ ಮೇಲೆ, ತುಪ್ಪ ಬಿದ್ದ ಮೇಲೆ, ನನ್ನ ಬಾಯಲ್ಲಿ ನೀರೂರಿದ ಮೇಲೆ, ಅಜ್ಜ ಒಂದು ಪದಾರ್ಥವನ್ನು ತೋರಿಸಿ "ಯಾರ ಅಧೀನ?" ಎಂದು ಕೇಳುತ್ತಿದ್ದರು. ಅಲ್ಲಿಂದ ಕೊಂಡಿಗೆ ಕೊಂಡಿ ಹಾಕುತ್ತಾ ಹರಿಯನ್ನು ಮುಟ್ಟುವವರೆಗೆ ಅನ್ನ ಮುಟ್ಟುವ ಹಾಗಿಲ್ಲ. ಸಾರು ಬೇಳೆಯ ಅಧೀನ, ಬೇಳೆ ಹೊಲದ ಅಧೀನ, ಹೊಲ ಮಳೆಯ ಅಧೀನ, ಮಳೆ ಇಂದ್ರನ ಅಧೀನ, ಇಂದ್ರ ಹರಿಯ ಅಧೀನ, ಊಟ ಮಾಡು. ಆತುರಕ್ಕೆ ಬೇಳೆಯಿಂದ ನೇರವಾಗಿ ಇಂದ್ರನಿಗೆ ಹಾರಿದರೆ "ಹೊಲ ಎಲ್ಲಿ ಹೋಯ್ತು? ಹಿಂದಕ್ಕೆ ಬಾ" ಎನ್ನುತ್ತಿದ್ದರು. ಆಟಕ್ಕೆ ವಿದ್ವಾಂಸರ ಸಭೆಯ ಕಟ್ಟಳೆಯೂ ಇತ್ತು. ನಾನು ಹಾಕಿದ ಕೊಂಡಿಯನ್ನು ಅಜ್ಜನಿಗೆ ಮುರಿಯಲಾಗದಿದ್ದರೆ ಅವರು ಎಲ್ಲರೆದುರು ಸೋಲೊಪ್ಪಿ, ದೇವರಮನೆಯಿಂದ ಕಲ್ಲುಸಕ್ಕರೆ ತಂದು ಕೊಡಬೇಕು. ಆವರೆಗೆ ಒಂದು ಸಲವೂ ಕೊಟ್ಟಿರಲಿಲ್ಲ.

ಅಜ್ಜನ ಉದ್ದೇಶ ನನ್ನಲ್ಲಿ ಭಕ್ತಿ ಬರಿಸುವುದು. ಬಂದದ್ದು ಗಾಬರಿ. ಎಲ್ಲವೂ ಇನ್ನೊಂದರ ಮೇಲೆ ಒರಗಿದೆ ಎಂದು ಮಗುವಿಗೆ ದಿನಾ ಊಟದ ಹೊತ್ತಿಗೆ ಹೇಳಿದರೆ, ಮಗು ಹರಿಯ ಮಹಿಮೆಯನ್ನು ನೆನೆಯುವುದಿಲ್ಲ, ನಡುವಿನ ಒಂದು ಕೊಂಡಿ ಕಳಚಿದರೆ ಏನಾಗುತ್ತದೆ ಎಂದು ಯೋಚಿಸುತ್ತದೆ. ಅಪ್ಪ ಪ್ಯಾರೀಸ್ ಕಾರ್ನರ್‌ನ ಒಂದು ಹಡಗು ಸರಕಿನ ಆಫೀಸಿನಲ್ಲಿ ಗುಮಾಸ್ತ. ಸಂಜೆ ಹತ್ತು ನಿಮಿಷ ತಡವಾದರೆ ನಾನು ಸರಪಳಿ ಹಾಕುತ್ತಿದ್ದೆ: ಅಪ್ಪ ಬಸ್ಸಿನ ಅಧೀನ, ಬಸ್ಸು ಬ್ರೇಕಿನ ಅಧೀನ, ಬ್ರೇಕು ಯಾವನೋ ಮೆಕ್ಯಾನಿಕ್ಕಿನ ಅಧೀನ, ಅವನಿಗೆ ಅವತ್ತು ಮನಸ್ಸು ಸರಿಯಿತ್ತೋ ಇಲ್ಲವೋ. ಹರಿಯ ತನಕ ಹೋಗುವ ತಾಳ್ಮೆ ನನಗಿರಲಿಲ್ಲ, ಮೆಕ್ಯಾನಿಕ್ಕಿನಲ್ಲೇ ನಿಂತು ಅಳುತ್ತಿದ್ದೆ. ಈಗಲೂ ಅಲ್ಲೇ ನಿಂತಿದ್ದೇನೆ.

ಇನ್ನು ಅಡುಗೆಮನೆ. ಅಲ್ಲಿ ದಿನಕ್ಕೆ ಎರಡು ಅಡುಗೆ. ಬೆಳಗಿನ ಜಾವ ಅಪ್ಪನಿಗೂ ನನಗೂ ಬೇಕಾದದ್ದನ್ನು ಮಾಡಿ, ಅಪ್ಪ ಹೊರಟ ಮೇಲೆ ಅಮ್ಮ ಬಾವಿಯಲ್ಲಿ ಇನ್ನೊಮ್ಮೆ ತಲೆಗೆ ನೀರು ಸುರಿದುಕೊಂಡು, ಎತ್ತರದ ಬಿದಿರಿನ ಮೇಲೆ ಯಾರೂ ಮುಟ್ಟದಂತೆ ಒಣಗಿಸಿದ್ದ ಮಡಿಸೀರೆಯನ್ನು ಕೋಲಿನಿಂದ ಇಳಿಸಿ ಉಟ್ಟು, ಇದ್ದಿಲ ಒಲೆ ಹಚ್ಚಿ ಅಜ್ಜನ ಮಡಿ ಅಡುಗೆಗೆ ನಿಲ್ಲುತ್ತಿದ್ದಳು. ಆ ಹೊತ್ತಿನಲ್ಲಿ ನಾನು ಅವಳನ್ನು ಮುಟ್ಟಬಾರದು. ಬಿದ್ದು ಮೊಣಕಾಲು ಕೆತ್ತಿಕೊಂಡು ಹೋದರೂ "ಅಲ್ಲೇ ನಿಲ್ಲು, ಅಲ್ಲಿಂದಲೇ ತೋರಿಸು" ಎನ್ನುತ್ತಿದ್ದಳು. ಅಮ್ಮ ರಸಾಯನಶಾಸ್ತ್ರದ ಬಿ.ಎಸ್ಸಿ. ಮದುವೆಯಾಗಿ ಹದಿನಾಲ್ಕು ವರ್ಷ ಅದನ್ನು ಕೇಳುವವರಿರಲಿಲ್ಲ. ಹಾಲು ಒಡೆದರೆ ಮಾತ್ರ ಅವಳ ಮುಖ ಅರಳುತ್ತಿತ್ತು, ಯಾಕೆ ಒಡೆಯಿತು ಎಂದು ಹತ್ತು ನಿಮಿಷ ವಿವರಿಸುತ್ತಿದ್ದಳು.

ಆ ವರ್ಷ ಅವಳ ಹಳೆಯ ಸಹಪಾಠಿಯೊಬ್ಬಳ ಮೂಲಕ ತಿರುವೊಟ್ಟಿಯೂರಿನ ಒಂದು ಬಣ್ಣದ ಕಾರ್ಖಾನೆಯಿಂದ ಕಾಗದ ಬಂತು. ಪ್ರಯೋಗಾಲಯದಲ್ಲಿ ಸಹಾಯಕಿಯ ಕೆಲಸ. ಮುಂದಿನ ತಿಂಗಳ ಮೊದಲ ದಿನ ಸೇರಬೇಕು, ಒಪ್ಪಿಗೆ ಮಂಗಳವಾರದೊಳಗೆ ತಲುಪಬೇಕು. ಅಮ್ಮ ಆ ಕಾಗದವನ್ನು ಮಡಿಸದೆ, ಒದ್ದೆ ಕೈಯಲ್ಲಿ ಮುಟ್ಟದೆ, ಪಂಚಾಂಗದ ಕೆಳಗೆ ಇಟ್ಟಿದ್ದಳು. ಬುಧವಾರ ಸಂಜೆ ಕೂಡದಲ್ಲಿ ಮಾತು ತೆಗೆದಳು.

"ಕೆಲಸಕ್ಕೆ ಹೋಗಬೇಡ ಅಂತ ನಾನು ಹೇಳ್ತಿಲ್ಲಮ್ಮ," ಎಂದರು ಅಜ್ಜ. "ದೇವರ ನೈವೇದ್ಯ ಯಾರು ಮಾಡ್ತಾರೆ ಅಂತ ಕೇಳ್ತಿದೀನಿ, ಅಷ್ಟೆ."

"ನಾಲ್ಕಕ್ಕೆ ಎದ್ದು ಮಡೀಲಿ ಮಾಡಿಟ್ಟು ಹೋಗ್ತೀನಿ ಮಾವ."

"ಆರೇಳು ಗಂಟೆ ಆರಿದ್ದನ್ನ ದೇವರಿಗಿಡೋದೇ? ನಿನಗೆ ಯಾರಾದರೂ ಹಾಗೆ ಬಡಿಸಿದರೆ ಉಂಡೀಯಾ?"

"ಹದಿನಾಲ್ಕು ವರ್ಷದಿಂದ ಹಾಗೇ ಉಣ್ತಿದೀನಿ," ಎಂದಳು ಅಮ್ಮ. ಅಜ್ಜನಿಗಲ್ಲ, ಗೋಡೆಗೆ.

ಅಜ್ಜ ಕೇಳಿಸಿಕೊಂಡರೋ ಇಲ್ಲವೋ. "ನೀನು ಸ್ವತಂತ್ರಳಾಗಿ ಏನೂ ಮಾಡಬೇಡ ಅಂತ ಅಲ್ಲ. ಸ್ವತಂತ್ರ ಅನ್ನೋ ಮಾತು ಒಬ್ಬನಿಗೇ ಸಲ್ಲೋದು. ನಮ್ಮನ್ನೆಲ್ಲ ಒಂದೊಂದು ಕಡೆ ಒರಗಿಸಿಟ್ಟಿದಾನೆ."

ಅಮ್ಮ ಅಪ್ಪನ ಕಡೆ ನೋಡಿದಳು. ಅಪ್ಪ ಕೊತ್ತವಾಲ್ ಚಾವಡಿಯ ತರಕಾರಿ ಮಂಡಿಯಿಂದ ತಂದಿದ್ದ ಬದನೆಕಾಯಿಯನ್ನು ಒಂದೊಂದಾಗಿ ಬುಟ್ಟಿಗೆ ಹಾಕುತ್ತಿದ್ದರು. "ಎರಡು ಪಕ್ಷದಲ್ಲೂ ನ್ಯಾಯ ಇದೆ," ಎಂದರು. ನಮ್ಮಪ್ಪ ಜೀವಮಾನದಲ್ಲಿ ಆಡಿದ ಮಾತುಗಳನ್ನೆಲ್ಲ ಸೋಸಿದರೆ ಉಳಿಯುವುದು ಈ ವಾಕ್ಯವೊಂದೇ.

ಎದುರುಮನೆಯ ರಾಜಾಮಣಿ ಮಾಮಿಗೆ ಮರುದಿನ ಬೆಳಗಾಗುವಷ್ಟರಲ್ಲಿ ಎಲ್ಲ ಗೊತ್ತಾಗಿತ್ತು. ಆ ಬೀದಿಯ ಗೋಡೆಗಳು ಅಂಥವು. ಬಾಗಿಲಿಗೆ ಕೋಲ, ಅಂದರೆ ರಂಗೋಲಿ, ಹಾಕುತ್ತಿದ್ದವಳು ನನ್ನನ್ನು ಕರೆದು ತಮಿಳಿನಲ್ಲಿ ಕೇಳಿದಳು, "ಏನ್‌ಡೀ ಪದ್ದು, ಉಂಗ ತಾತಾ ಅವ್ವಳವು ಪೆರಿಯ ಪಂಡಿತರ್, ಉಂಗಮ್ಮಾ ಒರು ನಾಳ್ ಸಮೈಕ್ಕಲೇನ್ನಾ ಪಟ್ಟಿನಿಯಾ?" ಅಷ್ಟು ದೊಡ್ಡ ಪಂಡಿತರು, ನಿಮ್ಮಮ್ಮ ಒಂದು ದಿನ ಒಲೆ ಹಚ್ಚದಿದ್ದರೆ ಉಪವಾಸವೇ ಎಂದು. ಅವಳು ನಕ್ಕಳು. ನನಗೆ ನಗು ಬರಲಿಲ್ಲ. ಒಂದು ಕೊಂಡಿ ಸಿಕ್ಕಿದ ಹಾಗಾಯಿತು. ಮೂರು ದಿನ ಅದನ್ನು ಬಾಯಲ್ಲಿ ಇಟ್ಟುಕೊಂಡೇ ಓಡಾಡಿದೆ.

ಭಾನುವಾರ ಅಪ್ಪನೂ ಊಟಕ್ಕೆ ಕೂತಿದ್ದರು. ಅಮ್ಮ ಮಡಿಯಲ್ಲಿ ಬಡಿಸುತ್ತಿದ್ದಳು. ಅಜ್ಜ ಎಲೆಯ ತುದಿಯನ್ನು ತೋರಿಸಿದರು.

"ಅನ್ನ ಯಾರ ಅಧೀನ?"

"ಅಮ್ಮನ ಅಧೀನ."

ಅಜ್ಜ ಹುಬ್ಬೇರಿಸಿದರು. ಅಕ್ಕಿ, ಗದ್ದೆ ಎಂದು ನಾನು ಹೋಗಬೇಕಿತ್ತು. "ಇರಲಿ. ಅಮ್ಮ?"

"ಅಪ್ಪನ ಅಧೀನ."

"ಅಪ್ಪ?"

"ನಿಮ್ಮ ಅಧೀನ."

"ಹೂಂ. ನಾನು?"

"ಅನ್ನದ ಅಧೀನ."

ಅಪ್ಪನಿಗೆ ಕೆಮ್ಮು ಬಂತು. ಅಜ್ಜ ಮಾತ್ರ ಖುಷಿಯಾದರು, ಅವರೊಳಗಿನ ಮೇಷ್ಟರು ಎದ್ದು ಕೂತರು. "ಚಕ್ರಕ ದೋಷ! ಸುತ್ತಿ ಸುತ್ತಿ ಹೊರಟಲ್ಲಿಗೇ ಬಂದೆ. ಹರಿ ಎಲ್ಲಿ?"

"ಸಿಗಲಿಲ್ಲ ಅಜ್ಜ. ದಾರೀಲಿ ಬರಲೇ ಇಲ್ಲ."

"ಯಾವುದೋ ಕೊಂಡಿ ತಪ್ಪಿದೆ."

"ಯಾವುದು ಅಂತ ನೀವೇ ಹೇಳಬೇಕು. ಮುರೀರಿ."

ಅಜ್ಜ ಬೆರಳಿನಲ್ಲಿ ಎಣಿಸಿದರು. ಅನ್ನ ಅಮ್ಮನ ಅಧೀನವಲ್ಲ ಎನ್ನಬೇಕಾದರೆ, ಬುಧವಾರ ತಾವೇ ಆಡಿದ ಮಾತನ್ನು ನುಂಗಬೇಕು. ಅಮ್ಮ ಅಪ್ಪನ ಅಧೀನವಲ್ಲ, ಅಪ್ಪ ತಮ್ಮ ಅಧೀನವಲ್ಲ ಎಂದರೆ ಕಾರ್ಖಾನೆಯ ಕಾಗದಕ್ಕೆ ಇವರ ಒಪ್ಪಿಗೆಯೇ ಬೇಕಾಗಿಲ್ಲ. ಉಳಿದದ್ದು ಕೊನೆಯ ಕೊಂಡಿ. ಎಲೆಯ ಮೇಲಿನ ಅನ್ನ ಆರುತ್ತಿತ್ತು. ಅಮ್ಮ ಸಾರಿನ ಪಾತ್ರೆ ಹಿಡಿದು ನಿಂತೇ ಇದ್ದಳು, ಕೆಳಗಿಡಲಿಲ್ಲ. ಅಜ್ಜ ಎದ್ದರು. ಊಟದ ನಡುವೆ ಅವರು ಎದ್ದದ್ದನ್ನು ನಾನು ಅದೇ ಮೊದಲು ನೋಡಿದ್ದು. ದೇವರಮನೆಗೆ ಹೋಗಿ, ಕಲ್ಲುಸಕ್ಕರೆಯ ಒಂದು ದೊಡ್ಡ ಹರಳು ತಂದು ನನ್ನ ಎಲೆಯ ಪಕ್ಕಕ್ಕಿಟ್ಟರು.

"ನಿನ್ನ ಪಕ್ಷ ಗೆದ್ದಿತು. ತಪ್ಪಿದ ಕೊಂಡಿ ನಾನು. ನಾನೇ ಬಿಡಿಸಿಕೋಬೇಕು." ಆಮೇಲೆ ಅಮ್ಮನ ಕಡೆ ತಿರುಗಿ, "ನೀನು ಕೆಲಸಕ್ಕೆ ಹೊರಟ ದಿನದಿಂದ ನನ್ನದು ಸ್ವಯಂಪಾಕ. ದೇವರಿಗೆ ಬೇಕಾದ್ದು ನಾನೇ ಬೇಯಿಸ್ಕೋತೀನಿ. ನೀನು ಕಾಗದಕ್ಕೆ ಉತ್ತರ ಬರಿಯಮ್ಮ."

ನಾನು ಅಮ್ಮನ ಮುಖದಲ್ಲಿ ಸಂತೋಷ ಹುಡುಕಿದೆ. ಎಪ್ಪತ್ತೈದು ದಾಟಿದ ಮುದುಕನನ್ನು ವಾದದಲ್ಲಿ ಸೋಲಿಸಿ ಅವಳಿಗೆ ಕೆಲಸ ಗೆದ್ದುಕೊಟ್ಟಿದ್ದೆ, ಒಂದು ನಗುವಾದರೂ ಬರಬೇಡವೇ? ಅವಳು ಸಾರು ಬಡಿಸಿ ಒಳಗೆ ಹೋದಳು. ನಾನು ಹಿಂದೆಯೇ ಹೋಗಿ ಬಾಗಿಲಲ್ಲಿ, ಮುಟ್ಟದಷ್ಟು ದೂರದಲ್ಲಿ ನಿಂತೆ.

"ಅಮ್ಮ, ಒಪ್ಪಿಕೊಂಡರಲ್ಲ?"

"ಒಪ್ಪಿಕೊಂಡರೇನೇ? ನನ್ನ ಬಿಟ್ಟು ಆಗಲ್ಲ ಅಂತ ಒಂದು ಮಾತು ಹೇಳೋ ಬದಲು, ನನ್ನ ಬಿಟ್ಟೇ ತೋರಿಸ್ತೀನಿ ಅಂದರು. ಹೋಗು, ಊಟ ಮಾಡು."

ಮಂಗಳವಾರದೊಳಗೆ ಉತ್ತರ ಹೋಯಿತು. ತಿಂಗಳ ಮೊದಲ ದಿನ ಅಮ್ಮ ಆರೂವರೆಗೆ ಕೈಚೀಲ ಹಿಡಿದು ಹೊರಟಳು. ಪ್ಯಾರೀಸ್ ಕಾರ್ನರಿನಲ್ಲಿ ಬಸ್ಸು ಬದಲಾಯಿಸಿ ತಿರುವೊಟ್ಟಿಯೂರು. ಸಂಜೆ ಟರ್ಪೆಂಟೈನ್ ವಾಸನೆಯೊಂದಿಗೆ ಮರಳಿ ಬಂದಳು, ಮುಖ ದಣಿದಿತ್ತು, ಬಾಯಿ ಮಾತ್ರ ನಿಲ್ಲಲಿಲ್ಲ. ಬಣ್ಣ ಎಷ್ಟು ಹೊತ್ತಿನಲ್ಲಿ ಒಣಗಬೇಕು, ಒಣಗದಿದ್ದರೆ ಯಾವುದು ಹೆಚ್ಚಾಗಿದೆ, ಸಮುದ್ರದ ಗಾಳಿಗೆ ಯಾವ ಬಣ್ಣ ಸಿಪ್ಪೆಯೇಳುತ್ತದೆ. ಅಪ್ಪ ಎಲ್ಲಕ್ಕೂ ತಲೆಯಾಡಿಸಿದರು. ಅಮ್ಮ ಅಷ್ಟು ಮಾತಾಡಬಲ್ಲಳು ಎಂದು ನನಗೆ ಗೊತ್ತೇ ಇರಲಿಲ್ಲ. ನನಗೆ ಹೊಟ್ಟೆಕಿಚ್ಚಾಯಿತು, ಹೆಮ್ಮೆಯೂ ಆಯಿತು, ಬಸ್ಸಿನ ಬ್ರೇಕಿನ ಚಿಂತೆ ಎರಡರಷ್ಟಾಯಿತು.

ಇತ್ತ ಅಜ್ಜನ ಸ್ವಯಂಪಾಕ. ಅಡುಗೆಮನೆಗೆ ಎಂದೂ ಕಾಲಿಡದವರು. ಒಲೆಗೆ ಇದ್ದಿಲು ತುಂಬಿ, ಬಗ್ಗಿ ಊದಿ, ಹೊಗೆ ಕುಡಿದು ಕೆಮ್ಮಿ, ಕೆಮ್ಮಿದ್ದರಿಂದ ಮಡಿ ಕೆಟ್ಟಿತೆಂದು ಮತ್ತೆ ಸ್ನಾನ ಮಾಡಿ, ಮತ್ತೆ ಊದುತ್ತಿದ್ದರು. ಮೊದಲ ದಿನದ ಅನ್ನ ಕೆಳಗೆ ಕರಿ, ನಡುವೆ ಗಂಜಿ, ಮೇಲೆ ಅಕ್ಕಿ. ಮೂರು ಲೋಕವೂ ಒಂದೇ ಪಾತ್ರೆಯಲ್ಲಿತ್ತು. ದೇವರಿಗೆ ತೋರಿಸಿ, ಮುಖ ಬದಲಿಸದೆ ಉಂಡರು. ಅಮ್ಮ ಇಟ್ಟುಹೋದದ್ದನ್ನು ನಾನು ದೂರದಲ್ಲಿ ಕೂತು ತಿನ್ನುತ್ತಿದ್ದೆ. ಅಜ್ಜನಿಗೆ ಅದನ್ನು ಕೊಡುವ ಹಾಗೂ ಇಲ್ಲ, ಮಡಿಯದ್ದಲ್ಲ. ಎರಡನೆಯ ವಾರದಲ್ಲಿ ಒಲೆ ಹೊತ್ತಿಸುವುದೇ ನಿಂತಿತು. ಹಿಡಿ ಅವಲಕ್ಕಿಯನ್ನು ಮೊಸರಿನಲ್ಲಿ ನೆನೆಸಿ, ದೇವರಿಗಿಟ್ಟು, ಅಷ್ಟನ್ನೇ ತಿಂದು ಏಳುತ್ತಿದ್ದರು. ದಿನಕ್ಕೆ ಅದೊಂದೇ ಊಟ. "ಯಾರ ಅಧೀನ?" ಎಂದು ನನ್ನನ್ನು ಕೇಳುವುದನ್ನೂ ಬಿಟ್ಟಿದ್ದರು.

"ಇಷ್ಟೇನಾ ಅಜ್ಜ?"

"ಹರಿಗೆ ಇಷ್ಟು ಸಾಕು. ಅವನೇನು ಹೊಟ್ಟೆಬಾಕನಲ್ಲ. ನೋಡು, ನಿಮ್ಮಮ್ಮನಿಗೆ ಹೇಳಬೇಡ."

"ಯಾಕೆ?"

"ಹೇಳಿದರೆ ಕೆಲಸ ಬಿಟ್ಟುಬಿಡ್ತಾಳೆ. ನನ್ನಿಂದ ಬಿಟ್ಟಳು ಅಂತ ಆಗಬಾರದು. ತಿಳೀತಾ? ಆಣೆ ಇಡಿಸಲ್ಲ. ನೀನು ಜಾಣೆ."

ಜಾಣೆ ಎನ್ನುವುದಕ್ಕಿಂತ ಆಣೆಯೇ ವಾಸಿಯಿತ್ತು. ಅಜ್ಜನ ಪಂಚೆ ಸೊಂಟದಲ್ಲಿ ನಿಲ್ಲುತ್ತಿರಲಿಲ್ಲ, ತಕಲಿ ತಿರುಗಿಸುವಾಗ ನೂಲು ಪಟಕ್ಕನೆ ತುಂಡಾಗುತ್ತಿತ್ತು. ಹೇಳಿದರೆ ಅಮ್ಮನ ಕೆಲಸ ಹೋಗುತ್ತದೆ, ಹೇಳದಿದ್ದರೆ ಅಜ್ಜ ಹೋಗುತ್ತಾರೆ. ಎರಡೂ ನನ್ನ ನಾಲಿಗೆಯ ಅಧೀನ. ತರಗತಿಯಲ್ಲಿ ಟೀಚರು ಏನು ಕೇಳಿದರೂ ನಾನು ಕಿಟಕಿಯ ಕಡೆ ನೋಡುತ್ತಿದ್ದೆ. ಕೊನೆಗೆ ಒಂದು ಶನಿವಾರ ಸಂಜೆ ಅಮ್ಮ ಬರುವ ಬಸ್ ಸ್ಟಾಪಿಗೇ ಹೋಗಿ ಕಾದೆ. ಅವಳು ಇಳಿದ ಕೂಡಲೇ, ಚಪ್ಪಲಿ ಸರಿಮಾಡಿಕೊಳ್ಳಲೂ ಬಿಡದೆ ಒದರಿಬಿಟ್ಟೆ.

"ಅಜ್ಜ ಅಡುಗೆ ಮಾಡ್ತಿಲ್ಲಮ್ಮ. ಬರೀ ಅವಲಕ್ಕಿ ತಿಂತಿದಾರೆ. ನಿನಗೆ ಹೇಳಬಾರದು ಅಂದಿದಾರೆ."

"ಗೊತ್ತು."

"ಗೊತ್ತಾ?"

"ಅವರ ಅಕ್ಕಿ ತಪ್ಪಲೆ ದಿನಾ ನೋಡ್ತೀನಿ. ಹನ್ನೆರಡು ದಿನದಿಂದ ಒಂದು ಗೆರೆ ಇಳಿದಿಲ್ಲ. ನಾನು ಕೆಮಿಸ್ಟ್ರಿ ಓದಿದವಳು ಕಣೆ."

"ಮತ್ತೆ ಯಾಕೆ ಸುಮ್ಮನಿದೀಯ?"

ಅಮ್ಮ ಕೈಚೀಲವನ್ನು ಈ ಭುಜದಿಂದ ಆ ಭುಜಕ್ಕೆ ಹಾಕಿಕೊಂಡಳು. "ಕೇಳಲಿ. ಒಂದು ಸಲ ಬಾಯಿಬಿಟ್ಟು ಕೇಳಲಿ. ನಿನ್ನಿಂದ ಆಗಬೇಕಮ್ಮ ಅಂತ. ಹದಿನಾಲ್ಕು ವರ್ಷ ನನ್ನ ಅಡುಗೆ ಉಂಡು ಅದು ಹರಿಯ ಅಧೀನ ಅಂದರು. ನಡುವೆ ನಾನೂ ಒಬ್ಬಳಿದ್ದೆ."

"ಕೇಳಿದರೆ ಕೆಲಸ ಬಿಟ್ಟುಬಿಡ್ತೀಯಾ?"

"ಅದನ್ನ ಅವರು ಕೇಳಿದಮೇಲೆ ಯೋಚಿಸ್ತೀನಿ."

ನಾವು ಮನೆಯ ಕಡೆ ನಡೆದೆವು. ಈಗ ನನಗೆ ಅಮ್ಮನ ಅವತ್ತಿನ ವಯಸ್ಸಿಗಿಂತ ಹದಿನೈದು ವರ್ಷ ಹೆಚ್ಚಾಗಿದೆ. ಈಗಲೂ ನಾನು ಆ ಬೀದಿಯಲ್ಲಿ ಅವಳ ಪಕ್ಕ ನಡೆಯುತ್ತಾ ವಾದಿಸುತ್ತೇನೆ: ನೀನಾದರೂ ಸೋಲಬಾರದಿತ್ತೇ? ಆಮೇಲೆ ತಿಣ್ಣೆಗೆ ಹೋಗಿ ಅಜ್ಜನೊಂದಿಗೆ ವಾದಿಸುತ್ತೇನೆ: ಎಲ್ಲರೂ ಪರತಂತ್ರರು ಎಂದು ಜೀವಮಾನವೆಲ್ಲ ಪಾಠ ಹೇಳಿದ ನಿಮಗೆ ಸೊಸೆಯ ಎದುರು ಅದನ್ನೊಂದು ಸಲ ಹೇಳಲು ಏನಾಗಿತ್ತು ಧಾಡಿ? ಹರಿಯ ಮೇಲೆ ಒರಗಿದ್ದೇನೆ ಎನ್ನಲು ಯಾರಿಗೂ ನಾಚಿಕೆಯಿಲ್ಲ. ಪಕ್ಕದಲ್ಲಿರುವವರ ಮೇಲೆ ಒರಗಿದ್ದೇನೆ ಎನ್ನುವಾಗ ನಾಲಿಗೆ ಏಳುವುದಿಲ್ಲ. ಇದನ್ನು ನಿತ್ಯಾಳ ಪುಸ್ತಕದಲ್ಲಿ ಬರೆದಿದ್ದಾರೋ ಇಲ್ಲವೋ.

ಸೋಮವಾರ ಬೆಳಗ್ಗೆ ಅಜ್ಜ ತಿಣ್ಣೆಯಿಂದ ಕರೆದರು.

"ಪದ್ದು, ಇವತ್ತಿನಿಂದ ನಿನಗೆ ಹೊಸ ಪಾಠ."

"ಯಾವ ಪಾಠ?"

"ಪಾಕಶಾಸ್ತ್ರ. ಬಾವಿಗೆ ಹೋಗಿ ಸ್ನಾನ ಮಾಡಿಕೊಂಡು ಮಡಿ ಉಟ್ಟುಕೊಂಡು ಬಾ. ನಾನು ಬಾಗಿಲಲ್ಲಿ ಕೂತು ಹೇಳ್ತೀನಿ, ನೀನು ಮಾಡು."

"ಇದು ಸ್ವಯಂಪಾಕ ಹೇಗಾಗುತ್ತೆ ಅಜ್ಜ?"

ಅಜ್ಜ ಆಕಾಶ ನೋಡಿದರು. "ಶಿಷ್ಯರ ಕೈ ಗುರುವಿನ ಕೈಯೇ. ಶಾಸ್ತ್ರದಲ್ಲಿದೆ." ಯಾವ ಶಾಸ್ತ್ರದಲ್ಲಿ ಎಂದು ನಾನು ಕೇಳಲಿಲ್ಲ. ಜೀವನದಲ್ಲಿ ನಾನು ಕೇಳದೆ ಬಿಟ್ಟ ಕೆಲವೇ ಪ್ರಶ್ನೆಗಳಲ್ಲಿ ಅದೊಂದು. ಹಸಿದವರ ಮುಖ ಹಾಗಿರುತ್ತದೆ.

ಹಾಗೆ ನಾನು ಅಡುಗೆಯವಳಾದೆ. ಉಪ್ಪುನೀರಿನ ಸ್ನಾನ, ಅಮ್ಮನ ಮಡಿಸೀರೆಯನ್ನು ನಾಲ್ಕು ಮಡಿಕೆ ಮಾಡಿ ಮೈಗೆ ಸುತ್ತಿಕೊಂಡದ್ದು, ಹೊಗೆ. ಅಜ್ಜ ಹೊಸ್ತಿಲ ಆಚೆ ಕೂತು "ಈಗ ನೀರು ನೋಡು, ಈಗ ಅಕ್ಕಿ ಒತ್ತಿ ನೋಡು" ಎನ್ನುವರು. ಅವರಿಗೇ ಗೊತ್ತಿಲ್ಲದ್ದನ್ನು ಅಷ್ಟು ನಿಖರವಾಗಿ ಹೇಳಿಕೊಡುವ ಗುರುವನ್ನು ನಾನು ಮತ್ತೆ ನೋಡಿಲ್ಲ. ಒಂದು ವಾರಕ್ಕೆ ಅನ್ನ ಅನ್ನವಾಯಿತು. ಎರಡು ವಾರಕ್ಕೆ ಸಾರು ಬಂತು. ಅಜ್ಜನ ನೂಲು ತುಂಡಾಗುವುದು ನಿಂತಿತು. ಅಕ್ಕಿಯ ತಪ್ಪಲೆ ಇಳಿಯತೊಡಗಿದ್ದನ್ನು ಅಮ್ಮ ನೋಡಿದಳು, ಬಾಗಿಲ ಹಿಂದೆ ಒಣಗುತ್ತಿದ್ದ, ನನ್ನ ಅಳತೆಗೆ ನಾಲ್ಕು ಮಡಿಕೆ ಮಾಡಿದ ಸೀರೆಯನ್ನೂ ನೋಡಿದಳು. ಏನೂ ಕೇಳಲಿಲ್ಲ. ಅಜ್ಜನೂ ಏನೂ ಹೇಳಲಿಲ್ಲ. ಅಪ್ಪ ಎರಡು ಪಕ್ಷಕ್ಕೂ ತಲೆಯಾಡಿಸಿದರು. ಮನೆಯಲ್ಲಿ ಶಾಂತಿ ನೆಲೆಸಿತು. ಇಬ್ಬರು ಸ್ವತಂತ್ರರು ಒಂದು ಏಳನೇ ಕ್ಲಾಸಿನ ಹುಡುಗಿಯ ಮೇಲೆ ಒರಗಿ ಕೂತಿದ್ದರು.

ಮಾರ್ಗಶಿರದ ಒಂದು ಗುರುವಾರ, ಶಾಲೆಗೆ ಹೊತ್ತಾಗುತ್ತಿದೆಯೆಂಬ ಗಾಬರಿಯಲ್ಲಿ, ಕುದಿಯುವ ಗಂಜಿಯ ಪಾತ್ರೆಯನ್ನು ಬರಿಗೈಯಲ್ಲಿ ಇಳಿಸಲು ಹೋಗಿ ಮಣಿಕಟ್ಟಿನ ಮೇಲೆ ಚೆಲ್ಲಿಕೊಂಡೆ. ಅಜ್ಜ ಹೊಸ್ತಿಲು ದಾಟಿ ಓಡಿಬಂದು, ಮಡಿಯನ್ನೂ ಮರೆತು ನನ್ನ ಕೈಯನ್ನು ನೀರಿನ ಕೊಡದೊಳಗೆ ಅದ್ದಿದರು. ಅವರ ಬಾಯಿಂದ ಹರಿಯ ಹೆಸರೂ ಬರಲಿಲ್ಲ, ಯಾರ ಹೆಸರೂ ಬರಲಿಲ್ಲ. ಆ ದಿನ ಶಾಲೆಗೆ ಹೋಗಲಿಲ್ಲ. ಸಂಜೆ ಅಮ್ಮ ಬಂದಳು. ಅಜ್ಜ ತಿಣ್ಣೆಯಲ್ಲಿ ಕೂತವರು ಒಳಗೆ ಬರಲಿಲ್ಲ. ಅಮ್ಮ ನನ್ನನ್ನು ಕೂಡದ ದೀಪದ ಕೆಳಗೆ ನಿಲ್ಲಿಸಿ ಕೈಯನ್ನು ಎತ್ತಿ ಹಿಡಿದು, ಗಾಜಿನ ನಳಿಗೆಯನ್ನು ಬೆಳಕಿಗೆ ಹಿಡಿಯುವವಳಂತೆ ತಿರುಗಿಸಿ ತಿರುಗಿಸಿ ನೋಡಿದಳು. ಬೊಬ್ಬೆ ಎದ್ದಿತ್ತು. ಅವಳ ಬೆರಳುಗಳಿಗೆ ಹಸಿರು ಬಣ್ಣ ಅಂಟಿತ್ತು.

"ಎಷ್ಟು ಹೊತ್ತು ನೀರಲ್ಲಿ ಇಟ್ಟಿದ್ದೆ?"

"ಅಜ್ಜ ಇಟ್ಟಿದ್ದರು. ತುಂಬ ಹೊತ್ತು."

"ಉರೀತಿದೆಯಾ?"

"ಇಲ್ಲ."

ಉರಿಯುತ್ತಿತ್ತು. ಹೌದು ಎಂದಿದ್ದರೆ ಅವಳು ಮರುದಿನ ಹೋಗುತ್ತಿರಲಿಲ್ಲ. ಒಂದು ಸಲ ತಪ್ಪಿದರೆ ಮತ್ತೆ ಎಂದೂ ಹೋಗುತ್ತಿರಲಿಲ್ಲ. ಅದು ನನಗೆ ಗೊತ್ತಿತ್ತು, ನನಗೆ ಗೊತ್ತಿದೆಯೆಂದು ಅವಳಿಗೂ ಗೊತ್ತಿತ್ತು. ಇನ್ನು ಹೋಗುವುದಿಲ್ಲ ಎಂದು ಅವಳು ಹೇಳಲಿ ಎಂದು ಮೈಯೆಲ್ಲ ಕಾಯುತ್ತಿತ್ತು, ಹೇಳಿಬಿಟ್ಟರೆ ಏನು ಗತಿ ಎಂದು ಹೆದರಿಕೆಯೂ ಆಗುತ್ತಿತ್ತು. ಅಮ್ಮ ನನ್ನ ಕಣ್ಣನ್ನೇ ನೋಡಿದಳು. ಆಮೇಲೆ ಮುಲಾಮು ಹಚ್ಚಿದಳು, ಮೆಲ್ಲಗೆ, ಅಂಚಿನಿಂದ ನಡುವಿಗೆ.

"ನಾಳೆಯಿಂದ ಕೈಗೆ ಬಟ್ಟೆ ಸುತ್ತಿಕೊಂಡು ಇಳಿಸು," ಎಂದಳು.